ಮಾತ್ರೆ ಇದ್ದೂ ವೈರಸ್ ತಗ್ಗದಿದ್ದಾಗ: ಜಿಂಬಾಬ್ವೆಯ ಹದಿಹರೆಯದವರು ಮತ್ತು ಝ್ವಾಂಡಿರಿ

ಜಿಂಬಾಬ್ವೆಯ ರಾಜಧಾನಿ ಹರಾರೆಯಿಂದ ಈಶಾನ್ಯಕ್ಕೆ ಸುಮಾರು 90 ಕಿ.ಮೀ. ಹೋದರೆ ಬಿಂದುರಾ, ಅದರ ಪಕ್ಕದಲ್ಲೇ ಶಾಮ್ವಾ. ಎರಡೂ ಮಶೋನಾಲ್ಯಾಂಡ್ ಸೆಂಟ್ರಲ್ ಪ್ರಾಂತ್ಯದ ಜಿಲ್ಲೆಗಳು. ಮೆಕ್ಕೆಜೋಳ, ಹತ್ತಿ, ತಂಬಾಕಿನ ಹೊಲಗಳ ನಡುವೆ ಚಿನ್ನದ ಗಣಿಗಳಿರುವ ಸೀಮೆ. 2016ರ ಆಗಸ್ಟ್‌ನಿಂದ 2017ರ ಮಾರ್ಚ್‌ವರೆಗೆ ಇಲ್ಲಿನ 16 ಸರಕಾರಿ ಕ್ಲಿನಿಕ್‌ಗಳಲ್ಲಿ ಎಚ್‌ಐವಿ ಸೋಂಕಿರುವ 13ರಿಂದ 19 ವರ್ಷದ 496 ಮಂದಿಯನ್ನು ಒಂದು ಅಧ್ಯಯನಕ್ಕೆ ಸೇರಿಸಿಕೊಂಡರು. ಎಲ್ಲರೂ ಎಆರ್‌ಟಿ, ಅಂದರೆ ಎಚ್‌ಐವಿ ವೈರಸ್ ಹತ್ತಿಕ್ಕುವ ಔಷಧಗಳ ಚಿಕಿತ್ಸೆಯಲ್ಲಿದ್ದವರು ಅಥವಾ ಅದಕ್ಕೆ ಅರ್ಹರಾದವರು. ಆ ಮಕ್ಕಳಲ್ಲಿ ನೂರಕ್ಕೆ 47 ಮಂದಿಯ ರಕ್ತದಲ್ಲಿ ಪ್ರತಿ ಮಿಲಿಲೀಟರಿಗೆ 1000 ಅಥವಾ ಅದಕ್ಕಿಂತ ಹೆಚ್ಚು ವೈರಸ್ ಪ್ರತಿಗಳಿದ್ದವು. ನೂರಕ್ಕೆ 81 ಮಂದಿ ತಂದೆಯನ್ನೋ ತಾಯಿಯನ್ನೋ ಇಬ್ಬರನ್ನೋ ಕಳೆದುಕೊಂಡಿದ್ದರು. ವಯಸ್ಸಿನ ಮಧ್ಯಾಂಕ 15.

ಕ್ಲಿನಿಕ್‌ನಲ್ಲಿ ಮಾತ್ರೆ ಉಚಿತ. ನರ್ಸ್ ಇದ್ದಾರೆ, ಆಪ್ತ ಸಮಾಲೋಚಕರಿದ್ದಾರೆ. ಹಾಗಿದ್ದೂ ಸುಮಾರು ಅರ್ಧದಷ್ಟು ಮಕ್ಕಳಲ್ಲಿ ವೈರಸ್ ಹತೋಟಿಯಲ್ಲಿಲ್ಲ. ಇದಕ್ಕೆ ಝ್ವಾಂಡಿರಿ ಎಂಬ ಸಂಸ್ಥೆ ಕಂಡುಕೊಂಡ ಉತ್ತರ ಏನು, ಅದು ಎಷ್ಟರಮಟ್ಟಿಗೆ ಕೆಲಸ ಮಾಡಿತು, ಎಲ್ಲಿ ಸೋತಿತು ಎಂಬುದು ಈ ಪ್ರಕರಣದ ವಿಷಯ.

ಬದುಕುಳಿದ ಪೀಳಿಗೆ

ಈ ಮಕ್ಕಳಲ್ಲಿ ಬಹುತೇಕರಿಗೆ ಸೋಂಕು ಬಂದದ್ದು ಹುಟ್ಟುವಾಗ, ಇಲ್ಲವೇ ಎದೆಹಾಲಿನಿಂದ. ಅವರು ಹುಟ್ಟಿದ್ದು 1990ರ ದಶಕದ ಕೊನೆಗೆ, 2000ದ ದಶಕದ ಮೊದಲಿಗೆ. ಜಿಂಬಾಬ್ವೆಯಲ್ಲಿ ಸರಕಾರಿ ಎಆರ್‌ಟಿ ಕಾರ್ಯಕ್ರಮ ಶುರುವಾದದ್ದೇ 2004ರಲ್ಲಿ. ಚಿಕಿತ್ಸೆ ಇಲ್ಲದಿದ್ದರೆ ಸೋಂಕಿತ ಶಿಶುಗಳಲ್ಲಿ ಸುಮಾರು ಅರ್ಧ ಎರಡು ವರ್ಷ ತುಂಬುವ ಮೊದಲೇ ತೀರಿಕೊಳ್ಳುತ್ತವೆ ಎಂಬುದು ವೈದ್ಯರಿಗೆ ಗೊತ್ತಿತ್ತು. ಹೀಗಾಗಿ ಹತ್ತು ಹನ್ನೆರಡು ವರ್ಷದವರೆಗೆ ಯಾರೂ ಉಳಿಯುವುದಿಲ್ಲ ಎಂದೇ ಬಹುಕಾಲ ಭಾವಿಸಿದ್ದರು. ಆ ಅಂದಾಜು ತಪ್ಪಾಗಿತ್ತು. ಸುಮಾರು ಮೂರನೇ ಒಂದು ಭಾಗದ ಮಕ್ಕಳಲ್ಲಿ ರೋಗ ನಿಧಾನವಾಗಿ ಬೆಳೆಯುತ್ತದೆ, ಅವರು ಮಾತ್ರೆಯಿಲ್ಲದೆಯೇ ಹದಿಹರೆಯ ಮುಟ್ಟುತ್ತಾರೆ. ಹರಾರೆಯ ಆಸ್ಪತ್ರೆಗಳಿಗೆ ಅವರು ಬಂದದ್ದು ಕುಳ್ಳಗಿನ ಮೈಯಲ್ಲಿ, ವರ್ಷಗಟ್ಟಲೆಯ ಕೆಮ್ಮಿನೊಂದಿಗೆ, ಚರ್ಮದ ತೊಂದರೆಗಳೊಂದಿಗೆ. ಹದಿನಾಲ್ಕರ ಹುಡುಗ ಹತ್ತರವನಂತೆ ಕಾಣುತ್ತಿದ್ದ. ಹೆತ್ತವರು ಅಷ್ಟರಲ್ಲಿ ತೀರಿಕೊಂಡಿರುತ್ತಿದ್ದರು. ಜೊತೆಗೆ ಬರುತ್ತಿದ್ದವರು ಅಜ್ಜಿ. ಶೋನಾ ಭಾಷೆಯಲ್ಲಿ ಅಂಬುಯಾ.

ಆಸ್ಪತ್ರೆಯ ವ್ಯವಸ್ಥೆಗೆ ಇವರನ್ನು ಎಲ್ಲಿ ಕೂರಿಸಬೇಕೆಂದೇ ತಿಳಿಯಲಿಲ್ಲ. ಮಕ್ಕಳ ವಿಭಾಗದಲ್ಲಿ ಇವರು ದೊಡ್ಡವರು, ದೊಡ್ಡವರ ಸಾಲಿನಲ್ಲಿ ಚಿಕ್ಕವರು. 2004ರಲ್ಲಿ ಹರಾರೆಯಲ್ಲಿ ಕೆಲವು ಹದಿಹರೆಯದವರು ತಮ್ಮಂಥವರದೇ ಒಂದು ಗುಂಪು ಬೇಕೆಂದು ಕೇಳಿದಾಗ, ಬ್ರಿಟಿಷ್ ನರ್ಸ್ ನಿಕೋಲಾ ವಿಲ್ಲಿಸ್ ಅವರೊಂದಿಗೆ ಸೇರಿ ಒಂದೇ ಒಂದು ಬೆಂಬಲ ಗುಂಪು ಹುಟ್ಟಿಕೊಂಡಿತು. ಅದಕ್ಕೆ ಇಟ್ಟ ಹೆಸರು ಝ್ವಾಂಡಿರಿ. ಶೋನಾದಲ್ಲಿ ಅದರ ಅರ್ಥ ‘ನಾನು ಇರುವ ಹಾಗೆಯೇ’. ಆಫ್ರಿಕೇಡ್ ಎಂಬ ಸಂಸ್ಥೆಯಡಿ ಅದು ಬೆಳೆಯಿತು.

ತಿಂಗಳಿಗೊಂದು ದಿನ ಸೇರಿ, ಹಾಡಿ, ಮಾತಾಡಿ ಮನೆಗೆ ಹೋದರೆ ಉಳಿದ 29 ದಿನ ಏನಾಗುತ್ತದೆ ಎಂಬ ಪ್ರಶ್ನೆ ಬೇಗ ಎದ್ದಿತು. ಗುಂಪಿಗೆ ಬರುವವರು ಹೇಗೋ ಚೇತರಿಸಿಕೊಳ್ಳುತ್ತಿದ್ದರು. ಬಾರದವರೇ ಹೆಚ್ಚು ಅಪಾಯದಲ್ಲಿದ್ದವರು. 2009ರಲ್ಲಿ ಸಂಸ್ಥೆ ತೆಗೆದುಕೊಂಡ ನಿರ್ಧಾರ ಇಡೀ ಮಾದರಿಯ ಬೆನ್ನೆಲುಬಾಯಿತು: ಸೋಂಕಿನೊಂದಿಗೇ ಬೆಳೆದ, ತಮ್ಮ ಚಿಕಿತ್ಸೆಯನ್ನು ಚೆನ್ನಾಗಿ ನಿಭಾಯಿಸುತ್ತಿರುವ ಯುವಕ ಯುವತಿಯರಿಗೆ ತರಬೇತಿ ಕೊಟ್ಟು, ಅವರನ್ನು ಕ್ಲಿನಿಕ್‌ಗೆ ಜೋಡಿಸಿ, ಕಿರಿಯರ ಮನೆಬಾಗಿಲಿಗೆ ಕಳುಹಿಸುವುದು. ಇವರನ್ನು ಎಲ್ಲರೂ ‘ಕ್ಯಾಟ್ಸ್’ ಎನ್ನುತ್ತಾರೆ. ಹದಿಹರೆಯದವರ ಚಿಕಿತ್ಸೆಗೆ ನೆರವಾಗುವ ಸಮುದಾಯದ ಬೆಂಬಲಿಗರು ಎಂಬುದರ ಇಂಗ್ಲಿಷ್ ಹ್ರಸ್ವರೂಪ ಅದು. ವಯಸ್ಸು 18ರಿಂದ 24. ಒಂದು ಸೈಕಲ್, ಒಂದು ಫೋನ್, ತಿಂಗಳಿಗೆ ಸಣ್ಣ ಗೌರವಧನ.

ಕ್ಯಾಟ್ಸ್ ಮಾಡುವ ಕೆಲಸ

ಹೊರಗಿನಿಂದ ನೋಡಿದವರಿಗೆ ಇದು ‘ಧೈರ್ಯ ಹೇಳುವ’ ಕೆಲಸವೆನಿಸುತ್ತದೆ. ನಿಜವಾಗಿ ಇದು ಪಟ್ಟಿಯ ಕೆಲಸ. ಕ್ಲಿನಿಕ್‌ನ ರಿಜಿಸ್ಟರ್‌ನಿಂದ ಎಲ್ಲ ಮಕ್ಕಳು, ಯುವಜನರ ಹೆಸರು ಹೊರತೆಗೆದು, ಒಬ್ಬೊಬ್ಬರ ಮುಂದೆ ಕೊನೆಯ ವೈರಲ್ ಲೋಡ್ (ರಕ್ತದಲ್ಲಿ ವೈರಸ್ ಎಷ್ಟಿದೆ ಎಂಬ ಪರೀಕ್ಷೆ) ಯಾವಾಗ ಆಯಿತು, ಎಷ್ಟು ಬಂತು, ಮುಂದಿನ ಮಾತ್ರೆ ಯಾವ ದಿನ, ಮನೆಯಲ್ಲಿ ಯಾರಿಗೆ ಗೊತ್ತು ಎಂದು ಬರೆಯುವುದರಿಂದ ಕೆಲಸ ಶುರು. ಪಟ್ಟಿ ಮಾಡಿದ ಮೊದಲ ವಾರದಲ್ಲೇ ಎರಡು ಸಂಗತಿ ಬಯಲಾಗುತ್ತವೆ. ಪರೀಕ್ಷೆಯೇ ಆಗದವರು ಒಂದಷ್ಟು ಮಂದಿ. ಪರೀಕ್ಷೆ ಆಗಿದ್ದರೂ ಫಲಿತಾಂಶದ ಕಾಗದ ಫೈಲಿಗೆ ಸೇರದವರು ಇನ್ನೊಂದಷ್ಟು.

ಆ ಕಾಗದ ಕಳೆದುಹೋಗುವ ದಾರಿ ಗೊತ್ತಿರಬೇಕು. ಹಳ್ಳಿಯ ಕ್ಲಿನಿಕ್‌ನಲ್ಲಿ ವೈರಲ್ ಲೋಡ್ ಯಂತ್ರ ಇರುವುದಿಲ್ಲ. ಐದು ವೃತ್ತಗಳಿರುವ ಹೀರುಕಾಗದದ ಕಾರ್ಡ್‌ಗೆ ರಕ್ತದ ಹನಿ ಬಿಟ್ಟು, ಬಿಸಿಲಿಗೆ ಹಿಡಿಯದೆ ನೆರಳಲ್ಲೇ ಕೆಲವು ಗಂಟೆ ಒಣಗಿಸಿ, ತೇವ ಹೀರುವ ಪೊಟ್ಟಣದೊಂದಿಗೆ ಜಿಪ್ ಚೀಲದಲ್ಲಿ ಮುಚ್ಚಿ ಪ್ರಯೋಗಾಲಯಕ್ಕೆ ಕಳುಹಿಸುತ್ತಾರೆ. ವೃತ್ತ ಪೂರ್ತಿ ತುಂಬದಿದ್ದರೆ, ಸರಿಯಾಗಿ ಒಣಗದಿದ್ದರೆ ಮಾದರಿ ತಿರಸ್ಕೃತ. ತಿರಸ್ಕೃತವಾಯಿತು ಎಂಬ ಸುದ್ದಿ ಕ್ಲಿನಿಕ್‌ಗೆ ಮರಳುವ ಹೊತ್ತಿಗೆ ಆ ಮಗು ಮೂರು ತಿಂಗಳ ಮಾತ್ರೆ ತೆಗೆದುಕೊಂಡು ಊರಿಗೆ ಹೋಗಿಬಿಟ್ಟಿರುತ್ತದೆ. ‘ಚಿಕಿತ್ಸೆ ಪಾಲಿಸದ ರೋಗಿ’ ಎಂದು ಬರೆಯುವ ಮೊದಲು ಇದನ್ನು ನೋಡಿಕೊಳ್ಳಬೇಕು. ಎಷ್ಟೋ ಕಡೆ ತಪ್ಪಿದ್ದು ಕಾರ್ಡ್, ಹುಡುಗಿಯಲ್ಲ.

ಪಟ್ಟಿ ಸಿದ್ಧವಾದ ಮೇಲೆ ಮಕ್ಕಳನ್ನು ಎರಡು ದರ್ಜೆಯಾಗಿ ನೋಡುತ್ತಾರೆ. ವೈರಸ್ ಹತೋಟಿಯಲ್ಲಿರುವವರಿಗೆ ಸಾಮಾನ್ಯ ಬೆಂಬಲ: ಆಗಾಗ ಮನೆಭೇಟಿ, ಸಂದೇಶ, ತಿಂಗಳಿಗೊಮ್ಮೆ ಗುಂಪು. ವೈರಲ್ ಲೋಡ್ 1000 ದಾಟಿದವರಿಗೆ, ಹೊಸದಾಗಿ ಚಿಕಿತ್ಸೆಗೆ ಬಂದವರಿಗೆ, ಬಸುರಿಯರಿಗೆ, ಮನಸ್ಸು ಕುಗ್ಗಿದವರಿಗೆ ಹೆಚ್ಚಿನ ಬೆಂಬಲ: ಹೆಚ್ಚು ಸಲ ಮನೆಭೇಟಿ, ನರ್ಸ್‌ಗೆ ಹೆಚ್ಚು ಸಲ ವರದಿ. ಎಲ್ಲರಿಗೂ ಒಂದೇ ಅಳತೆಯಲ್ಲಿ ಹಂಚಿದರೆ ಯಾರಿಗೂ ಸಾಕಾಗುವುದಿಲ್ಲ.

ಸೈಕಲ್ ಮೇಲೆ ಹೋಗುವ ಒಬ್ಬ ಕ್ಯಾಟ್ಸ್‌ಗೆ ಎಷ್ಟು ಮಂದಿಯನ್ನು ವಹಿಸಬಹುದು? ಲೆಕ್ಕ ಹಾಕಿ ನೋಡೋಣ. ಪಟ್ಟಿಯಲ್ಲಿ 40 ಜನ, ಅದರಲ್ಲಿ 12 ಜನ 1000 ದಾಟಿದವರು ಎನ್ನಿ. ಆ 12 ಮಂದಿಗೆ ವಾರಕ್ಕೊಮ್ಮೆ ಹೋದರೆ ತಿಂಗಳಿಗೆ 48 ಭೇಟಿ. ಉಳಿದ 28 ಮಂದಿಗೆ ತಿಂಗಳಿಗೊಮ್ಮೆ, 28 ಭೇಟಿ. ಒಟ್ಟು 76. ಕ್ಲಿನಿಕ್ ದಿನಗಳು, ಗುಂಪಿನ ಶನಿವಾರ, ವರದಿ ಬರೆಯುವ ದಿನ ಕಳೆದರೆ ಭೇಟಿಗೆ ಉಳಿಯುವುದು 16 ದಿನ. ದಿನಕ್ಕೆ ಸುಮಾರು ಐದು ಮನೆ, ಒಂದೊಂದರ ನಡುವೆ ಮೂರೋ ನಾಲ್ಕೋ ಕಿ.ಮೀ. ಮರಳುದಾರಿ. ನವೆಂಬರ್‌ನಿಂದ ಮಾರ್ಚ್‌ವರೆಗಿನ ಮಳೆಗಾಲದಲ್ಲಿ ಇದು ಆಗದ ಮಾತು. ಆದ್ದರಿಂದ ಪಟ್ಟಿ 60, 70ಕ್ಕೆ ಏರಿದಾಗ ಮೊದಲು ಕುಗ್ಗುವುದು ದೂರದ ಮನೆಗಳ ಭೇಟಿ. ವರದಿಯಲ್ಲಿ ‘ಭೇಟಿ’ ಎಂದಿರುತ್ತದೆ, ನಡೆದದ್ದು ಫೋನ್ ಕರೆ. ಮೇಲ್ವಿಚಾರಕರು ಇದನ್ನು ಶಿಸ್ತಿನ ತಪ್ಪೆಂದು ನೋಡುವುದಕ್ಕಿಂತ ಪಟ್ಟಿಯ ಉದ್ದವನ್ನು ನೋಡಬೇಕು.

ಒಂದು ಮನೆಭೇಟಿಯ ಒಳಗು

ಕೆಳಗಿನದು ಒಬ್ಬ ನಿರ್ದಿಷ್ಟ ಹುಡುಗಿಯ ಕತೆಯಲ್ಲ. ಇಂಥ ಕಾರ್ಯಕ್ರಮಗಳಲ್ಲಿ ಮತ್ತೆ ಮತ್ತೆ ಎದುರಾಗುವ ಕಾರಣಗಳನ್ನು ಒಂದು ಮನೆಯೊಳಗೆ ಇಟ್ಟು ತೋರಿಸುವ ಮಾದರಿ.

15ರ ಹುಡುಗಿ. ಅಂಬುಯಾ ಜೊತೆ ವಾಸ. ಚಿಕ್ಕಪ್ಪನ ಮಕ್ಕಳೂ ಅದೇ ಕೋಣೆಯಲ್ಲಿ ಮಲಗುತ್ತಾರೆ. ಹಳೆಯ ಕಟ್ಟಳೆಯ ಮಾತ್ರೆ, ಅದರಲ್ಲಿ ಎಫಾವಿರೆನ್ಜ್ ಇದೆ, ರಾತ್ರಿ ಎಂಟಕ್ಕೆ ನುಂಗಬೇಕು. ವೈರಲ್ ಲೋಡ್ 21,000. ಕ್ಲಿನಿಕ್‌ನಲ್ಲಿ ಕೇಳಿದರೆ ‘ದಿನಾ ತೆಗೆದುಕೊಳ್ಳುತ್ತೇನೆ’ ಎನ್ನುತ್ತಾಳೆ. ಅಜ್ಜಿಯೂ ಹೌದೆನ್ನುತ್ತಾರೆ.

ಮೊದಲ ಭೇಟಿಯಲ್ಲಿ ಮಾತ್ರೆಯ ಮಾತೇ ಎತ್ತಬಾರದು. ಮನೆಯಲ್ಲಿ ಯಾರಿಗೆ ಗೊತ್ತು, ಯಾರಿಗೆ ಗೊತ್ತಿಲ್ಲ ಎಂಬುದು ಮೊದಲು ಸ್ಪಷ್ಟವಾಗಬೇಕು. ಕ್ಯಾಟ್ಸ್ ಯಾರೆಂದು ಊರಿಗೆಲ್ಲ ತಿಳಿದಿರುವುದರಿಂದ ಅವರ ಸೈಕಲ್ ಅಂಗಳದಲ್ಲಿ ನಿಂತರೆ ಸಾಕು, ಗುಟ್ಟು ರಟ್ಟಾಗುತ್ತದೆ. ಸಂಸ್ಥೆಯ ಹೆಸರಿನ ಟೀಶರ್ಟ್ ಹಾಕಿಕೊಂಡು ಹೋಗಬೇಕೆ ಎಂಬುದನ್ನು ಆ ಮನೆಯವರೇ ಹೇಳಬೇಕು. ಬೇಡವೆಂದರೆ ಭೇಟಿ ಬೋರ್‌ವೆಲ್ ಹತ್ತಿರ, ಚರ್ಚಿನ ಹಿಂದೆ, ಶಾಲೆಯಿಂದ ಬರುವ ದಾರಿಯಲ್ಲಿ. ಫೋನ್ ಸಂದೇಶಕ್ಕೂ ಇದೇ ನಿಯಮ. ಫೋನ್ ಬಹುಪಾಲು ಮನೆಯ ಬೇರೆಯವರದು. ಸಂದೇಶದಲ್ಲಿ ಎಚ್‌ಐವಿ, ಮಾತ್ರೆ, ಕ್ಲಿನಿಕ್ ಎಂಬ ಪದ ಬರಕೂಡದು. ‘ಹೇಗಿದ್ದೀಯ, ಊಟ ಆಯ್ತಾ’ ಎಂಬಂಥ ಸಾದಾ ಮಾತೇ ಸಾಕು, ಅದರ ಅರ್ಥ ಇಬ್ಬರಿಗೂ ಗೊತ್ತು.

ಎರಡನೇ ಭೇಟಿಯಲ್ಲಿ ಮಾತ್ರೆ ಎಣಿಕೆ. 62 ದಿನದ ಹಿಂದೆ 90 ಮಾತ್ರೆ ಕೊಟ್ಟಿದ್ದರು. ಸರಿಯಾಗಿ ನುಂಗಿದ್ದರೆ 28 ಉಳಿಯಬೇಕು. ಡಬ್ಬಿಯಲ್ಲಿ 51 ಇವೆ. ತಪ್ಪಿದ್ದು 23. ನುಂಗಿದ್ದು 39, ಅಂದರೆ ನೂರಕ್ಕೆ 63. ಈ ಎಣಿಕೆ ಕ್ಲಿನಿಕ್‌ನಲ್ಲಿ ಮಾಡಿದರೆ ಸತ್ಯ ಹೊರಬರುವುದು ಕಡಿಮೆ, ಏಕೆಂದರೆ ಬೈಗುಳಕ್ಕೆ ಹೆದರಿದ ಮಕ್ಕಳು ಹೆಚ್ಚಾದ ಮಾತ್ರೆಗಳನ್ನು ಬರುವ ಮುನ್ನವೇ ಪಾಯಿಖಾನೆಗೆ ಎಸೆದಿರುತ್ತಾರೆ. ತಿಂಗಳು ತಿಂಗಳೂ ಒಂದು ಮಾತ್ರೆಯೂ ಹೆಚ್ಚು ಕಡಿಮೆಯಾಗದ ಡಬ್ಬಿ, ಜೊತೆಗೆ ಏರಿದ ವೈರಲ್ ಲೋಡ್: ಇವೆರಡೂ ಒಟ್ಟಿಗೆ ಕಂಡರೆ ಡಬ್ಬಿಯನ್ನು ನಂಬಬಾರದು. ಎಣಿಸುವವರು ಬೈಯದವರಾಗಿರಬೇಕು. ‘ನಾನೂ ಹದಿನಾರರಲ್ಲಿ ಎಸೆದಿದ್ದೆ’ ಎಂದು ಹೇಳಬಲ್ಲವರ ಎದುರು ಮಾತ್ರ ಆ ಹುಡುಗಿ ಡಬ್ಬಿ ತೆರೆಯುತ್ತಾಳೆ. ವಯಸ್ಕ ಸಮಾಲೋಚಕರು ಎಷ್ಟೇ ಒಳ್ಳೆಯವರಾದರೂ ಈ ಒಂದು ವಾಕ್ಯವನ್ನು ಅವರು ಹೇಳಲಾರರು. ಝ್ವಾಂಡಿರಿಯ ಮಾದರಿಯೆಲ್ಲ ನಿಂತಿರುವುದು ಇದರ ಮೇಲೆ.

ಮೂರನೇ, ನಾಲ್ಕನೇ ಭೇಟಿಯಲ್ಲಿ ಕಾರಣಗಳು ಒಂದೊಂದಾಗಿ ಬರುತ್ತವೆ.

ಡಬ್ಬಿ ಅಲ್ಲಾಡಿದರೆ ಸದ್ದಾಗುತ್ತದೆ. ಕತ್ತಲಲ್ಲಿ ಚಿಕ್ಕಪ್ಪನ ಮಕ್ಕಳು ‘ಅದೇನು’ ಎಂದು ಕೇಳುತ್ತಾರೆ. ಪರಿಹಾರ ಸಣ್ಣದು: ಡಬ್ಬಿಯೊಳಗೆ ಹತ್ತಿ ತುರುಕುವುದು. ಮಾತ್ರೆಗಳನ್ನೆಲ್ಲ ಕಾಗದದಲ್ಲಿ ಸುತ್ತಿ ಬೇರೆಡೆ ಇಡುವ ಉಪಾಯವನ್ನು ಮಕ್ಕಳೇ ಕಂಡುಕೊಂಡಿರುತ್ತಾರೆ, ಆದರೆ ತೇವ ಹೀರುವ ಪೊಟ್ಟಣವಿರುವ ಮೂಲ ಡಬ್ಬಿಯಿಂದ ಹೊರಗಿಟ್ಟರೆ ಮಳೆಗಾಲದಲ್ಲಿ ಮಾತ್ರೆ ಕೆಡುತ್ತದೆ. ಮೂಲ ಡಬ್ಬಿ ಅಜ್ಜಿಯ ಪೆಟ್ಟಿಗೆಯಲ್ಲಿರಲಿ, ಕೆಲವೇ ದಿನದ ಮಾತ್ರೆ ಮಾತ್ರ ಅವಳ ಹತ್ತಿರ.

ಊಟವಿಲ್ಲದ ರಾತ್ರಿ ಅವಳು ಮಾತ್ರೆ ನುಂಗುವುದಿಲ್ಲ. ‘ಖಾಲಿ ಹೊಟ್ಟೆಗೆ ಬೇಡ’ ಎಂದು ಯಾರೋ ಹೇಳಿದ್ದರು. ಜನವರಿ, ಫೆಬ್ರುವರಿಯಲ್ಲಿ ಹೊಸ ಮೆಕ್ಕೆಜೋಳ ಬರುವ ಮೊದಲು ಅಂಥ ರಾತ್ರಿಗಳು ಬಹಳ. ಆದರೆ ಎಫಾವಿರೆನ್ಜ್ ವಿಷಯದಲ್ಲಿ ಆ ಮಾತು ಉಲ್ಟಾ: ಅದನ್ನು ಖಾಲಿ ಹೊಟ್ಟೆಯಲ್ಲಿ, ಮಲಗುವ ಹೊತ್ತಿಗೆ ತೆಗೆದುಕೊಳ್ಳುವುದೇ ಒಳ್ಳೆಯದು. ಕೊಬ್ಬಿನ ಊಟದ ಜೊತೆ ತೆಗೆದುಕೊಂಡರೆ ತಲೆಸುತ್ತು, ವಿಚಿತ್ರ ಕನಸು ಹೆಚ್ಚುತ್ತವೆ. ಈ ಒಂದು ತಪ್ಪು ತಿಳಿವಳಿಕೆ ತಿದ್ದಿದರೆ ತಪ್ಪುವ ಎಷ್ಟೋ ಗುಳಿಗೆಗಳು ಉಳಿಯುತ್ತವೆ.

ಕೊನೆಗೆ ಬರುವ ಕಾರಣವೇ ಅತಿ ಭಾರದ್ದು. ಹದಿಮೂರರವರೆಗೂ ಅವಳಿಗೆ ಇದು ಎದೆನೋವಿನ ಮಾತ್ರೆ ಎಂದು ಹೇಳಿದ್ದರು. ನಿಜ ಗೊತ್ತಾದದ್ದು ಕ್ಲಿನಿಕ್‌ನ ಗೋಡೆಯ ಪೋಸ್ಟರ್‌ನಿಂದ. ಅಂದಿನಿಂದ ಅಜ್ಜಿಯ ಮೇಲೆ ಸಿಟ್ಟು. ತಾಯಿಯ ಮೇಲೆ ಸಿಟ್ಟು, ಆದರೆ ಆ ತಾಯಿ ಇಲ್ಲ. ಮಾತ್ರೆ ನುಂಗದಿರುವುದು ಆ ಸಿಟ್ಟು ತೋರಿಸಲು ಅವಳಿಗಿದ್ದ ಒಂದೇ ದಾರಿ. ಶಾಲೆಗೆ ಹೋಗುವ ವಯಸ್ಸಿನ ಮಕ್ಕಳಿಗೆ ಅವರ ಸೋಂಕಿನ ವಿಷಯ ತಿಳಿಸಬೇಕು, ಚಿಕ್ಕವರಿಗೆ ಹಂತಹಂತವಾಗಿ ಹೇಳುತ್ತ ಬರಬೇಕು ಎಂದು ವಿಶ್ವ ಆರೋಗ್ಯ ಸಂಸ್ಥೆ 2011ರಲ್ಲೇ ಹೇಳಿದೆ. ಅಜ್ಜಿಯರು ಮುಂದೂಡುವುದು ದುಷ್ಟತನದಿಂದಲ್ಲ. ಶೋನಾ ಮನೆಗಳಲ್ಲಿ ಮೈಯ, ಮದುವೆಯ ವಿಷಯವನ್ನು ಹುಡುಗಿಗೆ ಹೇಳುವವರು ತೇತೆ, ಅಂದರೆ ಸೋದರತ್ತೆ. ಹುಡುಗನಿಗೆ ಸೆಕುರು, ಅಂದರೆ ಅಜ್ಜ ಇಲ್ಲವೇ ಸೋದರಮಾವ. ಸಾವು ಆ ತೇತೆಯನ್ನೂ ಕೊಂಡೊಯ್ದಿದ್ದರೆ ಹೇಳುವ ಬಾಯಿಯೇ ಮನೆಯಲ್ಲಿರುವುದಿಲ್ಲ. ಆದ್ದರಿಂದಲೇ ಝ್ವಾಂಡಿರಿ ಮಕ್ಕಳ ಗುಂಪಿನಷ್ಟೇ ಪೋಷಕರ ಗುಂಪನ್ನೂ ನಡೆಸುತ್ತದೆ. ಅಲ್ಲಿ ಅಜ್ಜಿಯರು ಮೊದಲು ತಮ್ಮ ಮಕ್ಕಳನ್ನು ಕಳೆದುಕೊಂಡ ದುಃಖ ಹೇಳಿಕೊಳ್ಳುತ್ತಾರೆ, ಆಮೇಲೆ ಮೊಮ್ಮಕ್ಕಳಿಗೆ ಏನು ಹೇಳಬೇಕೆಂಬ ಮಾತಿಗೆ ಬರುತ್ತಾರೆ. ಮಕ್ಕಳ ಗುಂಪಿನಲ್ಲೂ ಒಂದು ಎಚ್ಚರ ಬೇಕು: ತನ್ನ ಸೋಂಕಿನ ವಿಷಯ ಇನ್ನೂ ತಿಳಿಯದ ಮಗುವನ್ನು ತಿಳಿದವರ ಜೊತೆ ಕೂರಿಸಬಾರದು. ವಯಸ್ಸಿಗಿಂತ ಈ ತಿಳಿವಿನ ಪ್ರಕಾರವೇ ಗುಂಪು ಬೇರ್ಪಡಿಸುವುದು ಮುಖ್ಯ.

ಮೂರು ತಿಂಗಳು ಮಾತ್ರೆ ಸರಿಯಾಗಿ ನಡೆದ ಮೇಲೆ ಮತ್ತೆ ವೈರಲ್ ಲೋಡ್. 1000ಕ್ಕಿಂತ ಕೆಳಗಿಳಿದರೆ ಸಾಮಾನ್ಯ ಬೆಂಬಲಕ್ಕೆ ವಾಪಸ್. ಇಳಿಯದಿದ್ದರೆ ಔಷಧಕ್ಕೆ ವೈರಸ್ ಬಗ್ಗುತ್ತಿಲ್ಲ ಎಂದು ತಿಳಿದು ಎರಡನೇ ಹಂತದ ಚಿಕಿತ್ಸೆಗೆ ಬದಲಾಯಿಸಬೇಕು ಎಂಬುದು ಆ ಹಳೆಯ ಮಾತ್ರೆಗಳ ಕಾಲದ ಕ್ರಮ. ಇಲ್ಲಿ ಆಗುವ ತಪ್ಪು ಎರಡು ಬಗೆಯದು. ಕೆಲವು ಕಡೆ ‘ಇನ್ನೊಂದು ಸಲ ಸಮಾಲೋಚನೆ ಮಾಡೋಣ’ ಎನ್ನುತ್ತ ವರ್ಷ ಕಳೆಯುತ್ತಾರೆ, ಅಷ್ಟರಲ್ಲಿ ಮಗು ಕ್ಷಯಕ್ಕೆ ತುತ್ತಾಗುತ್ತದೆ. ಕೆಲವು ಕಡೆ ಮಾತ್ರೆ ತಪ್ಪುವ ಕಾರಣ ಕೇಳದೆಯೇ ಔಷಧ ಬದಲಿಸುತ್ತಾರೆ, ಆರು ತಿಂಗಳಲ್ಲಿ ಹೊಸ ಡಬ್ಬಿಯೂ ಪೆಟ್ಟಿಗೆಯ ತಳಕ್ಕೆ ಸೇರುತ್ತದೆ.

ಹುಡುಗರ ಕಾರಣಗಳು ಬೇರೆ. ಬಿಂದುರಾ, ಶಾಮ್ವಾ ಸುತ್ತ ಮಕೊರೊಕೋಝಾ ಎಂದು ಕರೆಯುವ ಚಿನ್ನ ಅಗೆಯುವವರ ಗುಂಪುಗಳಿವೆ. ಶಾಲೆ ಬಿಟ್ಟ ಹುಡುಗ ಅವರೊಂದಿಗೆ ಹೊರಟರೆ ವಾರಗಟ್ಟಲೆ ಮನೆಗಿಲ್ಲ. ಹಾಸ್ಟೆಲ್ ಇರುವ ಶಾಲೆಗೆ ಸೇರಿದವರದು ಇನ್ನೊಂದು ಪಾಡು. ಅಲ್ಲಿ ಹಾಸಿಗೆ ಪೆಟ್ಟಿಗೆ ತಪಾಸಣೆ ಇರುತ್ತದೆ, ಮಾತ್ರೆ ಕೊಡುವುದು ವಾರ್ಡನ್ ಕೈಯಲ್ಲಿರುತ್ತದೆ. ಜಿಂಬಾಬ್ವೆಯ ಶಾಲಾ ವರ್ಷಕ್ಕೆ ಮೂರು ಅವಧಿ. ಜನವರಿ, ಮೇ, ಸೆಪ್ಟೆಂಬರ್‌ನಲ್ಲಿ ಶುರು. ಮಾತ್ರೆಯ ದಿನವನ್ನು ರಜೆಗೆ ಹೊಂದಿಸಿ, ಅವಧಿಯ ಅಷ್ಟೂ ದಿನಕ್ಕೆ ಎರಡು ವಾರದ ಹೆಚ್ಚುವರಿ ಸೇರಿಸಿ ಕೊಡುವುದು ಸರಿಯಾದ ಕ್ರಮ. ಅವಧಿಯ ಮಧ್ಯೆ ಕ್ಲಿನಿಕ್ ದಿನ ಬಿದ್ದರೆ ಮಗು ರಜೆ ಕೇಳಬೇಕು, ಕಾರಣ ಹೇಳಬೇಕು. ಬಹಳಷ್ಟು ಮಕ್ಕಳು ಅದಕ್ಕಿಂತ ಮಾತ್ರೆ ಬಿಡುವುದನ್ನೇ ಆರಿಸಿಕೊಳ್ಳುತ್ತಾರೆ.

96 ವಾರಗಳ ನಂತರ

ಆ 16 ಕ್ಲಿನಿಕ್‌ಗಳಲ್ಲಿ ಕೆಲವಕ್ಕೆ ಸರಕಾರಿ ಕ್ರಮದ ಮಾಮೂಲಿ ಚಿಕಿತ್ಸೆ, ಉಳಿದವಕ್ಕೆ ಅದರ ಮೇಲೆ ಝ್ವಾಂಡಿರಿಯ ಬೆಂಬಲ ಎಂದು ಚೀಟಿ ಎತ್ತಿದಂತೆ ಹಂಚಿದ್ದರು. ಬೆಂಬಲದ ಕಡೆ 212 ಮಕ್ಕಳು, ಮಾಮೂಲಿ ಕಡೆ 284. 96 ವಾರಗಳ ಕೊನೆಗೆ ಎಣಿಸಿದ್ದು ಒಂದೇ: ಎಷ್ಟು ಮಂದಿಯ ವೈರಲ್ ಲೋಡ್ 1000 ಅಥವಾ ಮೇಲಿದೆ, ಇಲ್ಲವೇ ಎಷ್ಟು ಮಂದಿ ತೀರಿಕೊಂಡಿದ್ದಾರೆ. 479 ಮಂದಿಯ ಫಲಿತಾಂಶ ಸಿಕ್ಕಿತು. ಬೆಂಬಲದ ಕಡೆ 209ರಲ್ಲಿ 52, ಅಂದರೆ ನೂರಕ್ಕೆ 25. ಮಾಮೂಲಿ ಕಡೆ 270ರಲ್ಲಿ 97, ನೂರಕ್ಕೆ 36. ಬೇರೆ ಬೇರೆ ಅಂಶಗಳನ್ನು ಸರಿದೂಗಿಸಿದ ಮೇಲೆ ನೂರಕ್ಕೆ 42ರಷ್ಟು ಇಳಿಕೆ. 2020ರಲ್ಲಿ ಇದು ವೈದ್ಯಕೀಯ ಪತ್ರಿಕೆಯಲ್ಲಿ ಪ್ರಕಟವಾಯಿತು.

ಈ ಅಂಕಿಗಳನ್ನು ಎಚ್ಚರದಿಂದ ಓದಬೇಕು. ಒರಟು ಲೆಕ್ಕದಲ್ಲಿ ವ್ಯತ್ಯಾಸ ನೂರಕ್ಕೆ 11. ಒಂಬತ್ತು ಮಕ್ಕಳಿಗೆ ಎರಡು ವರ್ಷ ಬೆಂಬಲ ಕೊಟ್ಟರೆ ಒಬ್ಬರು ವೈಫಲ್ಯದಿಂದಲೋ ಸಾವಿನಿಂದಲೋ ಪಾರಾಗುತ್ತಾರೆ ಎಂದರ್ಥ. ಸಾರ್ವಜನಿಕ ಆರೋಗ್ಯದಲ್ಲಿ ಇದು ದೊಡ್ಡ ಲಾಭ. ಆದರೆ 42 ಎಂಬ ಸಂಖ್ಯೆಯ ಸುತ್ತಲಿನ ಅನಿಶ್ಚಿತತೆ ಅಗಲವಾದದ್ದು. ನಿಜವಾದ ಇಳಿಕೆ ನೂರಕ್ಕೆ 6ರಿಂದ 64ರವರೆಗೆ ಎಲ್ಲಿಯಾದರೂ ಇರಬಹುದು. ಕ್ಲಿನಿಕ್‌ಗಳು 16 ಮಾತ್ರ ಇದ್ದದ್ದರಿಂದ ಹೀಗೆ. ಇನ್ನೊಂದು ಮಾತು: ಮೊದಲು 47 ಇದ್ದದ್ದು ಮಾಮೂಲಿ ಕಡೆಯೂ 36ಕ್ಕೆ ಬಂದಿದೆ. ಅಳತೆ ಮಾಡಿ ಫಲಿತಾಂಶ ನೋಡುವುದೇ ಒಂದಷ್ಟು ಕೆಲಸ ಮಾಡಿರಬಹುದು. ಎಲ್ಲ ಶ್ರೇಯವನ್ನೂ ಸೈಕಲ್‌ಗೆ ಕೊಡಲಾಗದು.

ಅತ್ತ ಎಷ್ಟು ಬೆಂಬಲ ಕೊಟ್ಟರೂ ನಾಲ್ವರಲ್ಲಿ ಒಬ್ಬರಿಗೆ ಅದು ತಲುಪಲಿಲ್ಲ. ಎರಡೂ ಕಡೆ ಸೇರಿ 28 ಮಕ್ಕಳು ತೀರಿಕೊಂಡರು. 496ರಲ್ಲಿ 28. ವರದಿಗಳಲ್ಲಿ ಈ ಸಾಲು ಬೇಗ ದಾಟಿಹೋಗುತ್ತದೆ, ಆದರೆ ಚಿಕಿತ್ಸೆಗೆ ಬಾಗಿಲು ತೆರೆದಿದ್ದ, ಕ್ಲಿನಿಕ್‌ನ ಪಟ್ಟಿಯಲ್ಲಿದ್ದ, ಯಾರೋ ಹೆಸರು ಹಿಡಿದು ಕರೆಯುತ್ತಿದ್ದ ಹದಿಹರೆಯದವರು ಇವರು. ಹುಟ್ಟಿನಿಂದ ಸೋಂಕಿರುವವರು ಹದಿನೈದರ ಹೊತ್ತಿಗೆ ಬರುವುದು ಈಗಾಗಲೇ ಸವೆದ ಶ್ವಾಸಕೋಶ, ಕುಗ್ಗಿದ ರೋಗನಿರೋಧಕ ಶಕ್ತಿಯೊಂದಿಗೆ. ವೈರಸ್ ಹತ್ತಿಕ್ಕಿದರಷ್ಟೇ ಸಾಲದು. ಕೆಮ್ಮು, ಜ್ವರ, ತೂಕ ಇಳಿಕೆ, ರಾತ್ರಿ ಬೆವರು ಕಂಡರೆ ಅದೇ ದಿನ ಕ್ಷಯ ಪರೀಕ್ಷೆಗೆ ಕಳುಹಿಸುವುದು ಕ್ಯಾಟ್ಸ್ ಕೆಲಸದ ಅತಿ ಮುಖ್ಯ ಭಾಗ. ನಾಲ್ಕು ಪ್ರಶ್ನೆ, ಎರಡು ನಿಮಿಷ. ಆದರೆ ದಣಿದ ದಿನದ ಐದನೇ ಮನೆಯಲ್ಲಿ ಮರೆತುಹೋಗುವುದೂ ಇದೇ.

ಮನಸ್ಸಿನ ಸ್ಥಿತಿಯ ಕುರಿತು ಆಮೇಲೆ ಇನ್ನೊಂದು ಅಧ್ಯಯನ ನಡೆಯಿತು. ಶೋನಾದಲ್ಲಿ ‘ಕುಫುಂಗಿಸಿಸಾ’ ಎಂಬ ಪದವಿದೆ. ಅತಿಯಾಗಿ ಯೋಚಿಸುವುದು, ಮನಸ್ಸು ಒಂದೇ ಕಡೆ ಸುತ್ತುವುದು. ಖಿನ್ನತೆಯನ್ನು ಅಲ್ಲಿನ ಜನ ಹೇಳುವುದು ಹೀಗೆ. ಹರಾರೆಯ ಮನೋವೈದ್ಯ ಡಿಕ್ಸನ್ ಚಿಬಾಂಡಾ ಕಟ್ಟಿದ ‘ಫ್ರೆಂಡ್‌ಶಿಪ್ ಬೆಂಚ್’ನಲ್ಲಿ ಅಜ್ಜಿಯರು ಕ್ಲಿನಿಕ್‌ನ ಅಂಗಳದ ಬೆಂಚಿನ ಮೇಲೆ ಕೂತು ಸಮಸ್ಯೆಗಳನ್ನು ಒಂದೊಂದಾಗಿ ಬಿಡಿಸಲು ನೆರವಾಗುತ್ತಾರೆ. ಅದೇ ವಿಧಾನವನ್ನು ಕ್ಯಾಟ್ಸ್‌ಗೆ ಕಲಿಸಿ, 60 ಕ್ಲಿನಿಕ್‌ಗಳ 842 ಮಕ್ಕಳಲ್ಲಿ ಪರೀಕ್ಷಿಸಿದರು. ಎರಡೂ ಕಡೆ ಝ್ವಾಂಡಿರಿ ಇತ್ತು, ಒಂದು ಕಡೆ ಮಾತ್ರ ಈ ಹೆಚ್ಚುವರಿ ತರಬೇತಿ. ಒಂದು ವರ್ಷದ ನಂತರ ವೈರಸ್ ವಿಷಯದಲ್ಲಿ ಎರಡು ಗುಂಪಿಗೂ ಗುರುತಿಸುವಂಥ ವ್ಯತ್ಯಾಸವಿರಲಿಲ್ಲ. ಮನಸ್ಸಿನ ತೊಂದರೆಯ ಲಕ್ಷಣಗಳು ಮಾತ್ರ ತರಬೇತಿ ಇದ್ದ ಕಡೆ ನೂರಕ್ಕೆ 2.4, ಇಲ್ಲದ ಕಡೆ 10.3. ವೈರಲ್ ಲೋಡ್ ಬದಲಾಗಲಿಲ್ಲ ಎಂಬ ಕಾರಣಕ್ಕೆ ಇದನ್ನು ಸೋಲು ಎನ್ನಲಾಗದು. ನಿದ್ದೆ ಬಾರದೆ ಹೊರಳಾಡುತ್ತಿದ್ದ ಮಗು ನಿದ್ದೆ ಮಾಡುವುದು ತನ್ನಷ್ಟಕ್ಕೆ ತಾನೇ ಒಂದು ಫಲ.

ಬೆಂಬಲಿಸುವವರೂ ರೋಗಿಗಳೇ

ಈ ಮಾದರಿಯನ್ನು ನಕಲು ಮಾಡುವವರು ಸಾಮಾನ್ಯವಾಗಿ ಎಡವುವುದು ಇಲ್ಲಿ. ಎಚ್‌ಐವಿ ಇರುವ ಹತ್ತು ಯುವಕರನ್ನು ಹುಡುಕಿ, ಕೆಲವು ದಿನ ತರಬೇತಿ ಕೊಟ್ಟು, ಸೈಕಲ್ ಕೊಟ್ಟು ಬಿಟ್ಟರೆ ಕ್ಯಾಟ್ಸ್ ಆಗುವುದಿಲ್ಲ. ಅವರಿಗೂ 20 ವರ್ಷ. ಅವರಿಗೂ ರಾತ್ರಿ ಎಂಟಕ್ಕೆ ಮಾತ್ರೆ. ಬೇರೆಯವರ ಡಬ್ಬಿ ಎಣಿಸುವವನ ವೈರಲ್ ಲೋಡ್ ಏರಿದರೆ ಅದನ್ನು ಹೇಳಿಕೊಳ್ಳುವುದು ಅವನಿಗೆ ಇನ್ನೂ ಕಷ್ಟ, ಏಕೆಂದರೆ ಅವನು ‘ಮಾದರಿ’. ಏರಿದ ಕೂಡಲೇ ಕೆಲಸದಿಂದ ತೆಗೆಯುವ ನಿಯಮವಿದ್ದರೆ ಎಲ್ಲರೂ ಮುಚ್ಚಿಡುತ್ತಾರೆ. ಕೆಲಸ ಹಗುರ ಮಾಡಿ, ಬೆಂಬಲ ಕೊಟ್ಟು, ಜಾಗ ಉಳಿಸಿಕೊಡಬೇಕು.

ತನ್ನ ಪಟ್ಟಿಯ ಮಗು ಸತ್ತಾಗ ಆ ಯುವತಿಗೆ ಏನಾಗುತ್ತದೆ ಎಂಬುದಕ್ಕೂ ವ್ಯವಸ್ಥೆ ಇರಬೇಕು. ತಿಂಗಳಿಗೊಮ್ಮೆ ಮೇಲ್ವಿಚಾರಕರೊಂದಿಗೆ ಕೂತು ಪಟ್ಟಿ ನೋಡುವ ಸಭೆ ಬರೀ ಲೆಕ್ಕಕ್ಕಲ್ಲ, ಈ ಮಾತುಗಳಿಗೂ ಬೇಕು. ಹಿಂಸೆ, ಲೈಂಗಿಕ ದೌರ್ಜನ್ಯ, ಸಾಯುವ ಮಾತು ಕಿವಿಗೆ ಬಿದ್ದರೆ ಕ್ಯಾಟ್ಸ್ ತಾನೇ ಬಗೆಹರಿಸಲು ಹೋಗಬಾರದು, ಅದೇ ದಿನ ನರ್ಸ್‌ಗೋ ಮಕ್ಕಳ ರಕ್ಷಣೆಯ ಅಧಿಕಾರಿಗೋ ಒಪ್ಪಿಸಬೇಕು. ಯಾರ ಫೋನ್ ನಂಬರ್, ಅವರು ಸಿಗದಿದ್ದರೆ ಇನ್ಯಾರು ಎಂಬುದು ಮೊದಲ ದಿನವೇ ಬರೆದುಕೊಟ್ಟಿರಬೇಕು.

ಇನ್ನು ವಯಸ್ಸು. 24 ದಾಟಿದವರು ಹೊರಹೋಗಬೇಕು, ಇಲ್ಲದಿದ್ದರೆ 13ರ ಮಗುವಿಗೆ ಅವರು ಮತ್ತೊಬ್ಬ ದೊಡ್ಡವರಾಗುತ್ತಾರೆ. ಆದರೆ ಕೆಲಸವೇ ಸಿಗದ ದೇಶದಲ್ಲಿ ಇದ್ದ ಗೌರವಧನವೂ ಹೋದರೆ ಮುಂದೇನು? ಕೆಲವರು ಮೇಲ್ವಿಚಾರಕರಾಗುತ್ತಾರೆ. ಎಳೆಯ ತಾಯಂದಿರು ತಮ್ಮಂಥ ಬಸುರಿಯರಿಗೆ ನೆರವಾಗುವ ವಿಭಾಗವೂ ಇದೆ. ಎಲ್ಲರಿಗೂ ಜಾಗವಿಲ್ಲ. ಇದಕ್ಕೆ ಪೂರ್ಣ ಪರಿಹಾರ ಯಾವ ದೇಶದ ಕಾರ್ಯಕ್ರಮದಲ್ಲೂ ಕಾಣುತ್ತಿಲ್ಲ.

ಈಗಿನ ಮಾತ್ರೆ, ಈಗಿನ ಹಣ

ಬಿಂದುರಾ ಅಧ್ಯಯನದ ಕಾಲದ ಔಷಧಗಳಿಗೆ ವೈರಸ್ ಬೇಗ ನಿರೋಧ ಬೆಳೆಸಿಕೊಳ್ಳುತ್ತಿತ್ತು. ಈಗ ಡೊಲುಟೆಗ್ರಾವಿರ್ ಬಂದಿದೆ. ಟೆನೊಫೊವಿರ್ 300, ಲಾಮಿವುಡಿನ್ 300, ಡೊಲುಟೆಗ್ರಾವಿರ್ 50 ಮಿಲಿಗ್ರಾಂ ಸೇರಿದ ಒಂದೇ ಗುಳಿಗೆ, ದಿನಕ್ಕೊಂದು, ಊಟದೊಂದಿಗೆ ಅಥವಾ ಇಲ್ಲದೆ. 30 ಕೆ.ಜಿ. ತೂಗುವ ಮಗುವಿಗೂ ಇದೇ ಮಾತ್ರೆ. ಅಪರೂಪಕ್ಕೆ ಒಂದೆರಡು ದಿನ ತಪ್ಪಿದರೂ ಹಳೆಯದರಷ್ಟು ಬೇಗ ಕೈಕೊಡುವುದಿಲ್ಲ. ಗಮನಿಸಬೇಕಾದದ್ದು ಎರಡು: ಕ್ಷಯಕ್ಕೆ ರಿಫಾಂಪಿಸಿನ್ ಕೊಡುತ್ತಿದ್ದರೆ ಡೊಲುಟೆಗ್ರಾವಿರ್ 50 ಮಿಲಿಗ್ರಾಂ ದಿನಕ್ಕೆ ಎರಡು ಸಲ ಬೇಕು, ಕಬ್ಬಿಣ, ಕ್ಯಾಲ್ಸಿಯಂ ಮಾತ್ರೆಗಳನ್ನು ಖಾಲಿ ಹೊಟ್ಟೆಯಲ್ಲಿ ಇದರ ಜೊತೆಗೇ ನುಂಗಬಾರದು, ಆಮ್ಲನಾಶಕ ಮಾತ್ರೆಗಳನ್ನು ಊಟವಿದ್ದರೂ ಇದರ ಜೊತೆಗೇ ನುಂಗಬಾರದು. ಬಸುರಿ ಹುಡುಗಿಗೆ ಕಬ್ಬಿಣದ ಮಾತ್ರೆ ಕೊಡುವಾಗ ಈ ಮಾತು ಹೇಳದೇ ಬಿಡುವುದು ಬಹಳ.

ಈ ಗುಳಿಗೆಗಳಲ್ಲಿ ಬಹುಪಾಲು ಭಾರತದ ಕಾರ್ಖಾನೆಗಳವು. 2001ರಲ್ಲಿ ಮುಂಬೈನ ಸಿಪ್ಲಾ ದಿನಕ್ಕೆ ಒಂದು ಡಾಲರಿಗೂ ಕಡಿಮೆ ಬೆಲೆಗೆ ಮೂರು ಔಷಧ ಕೊಡುತ್ತೇನೆಂದ ಮೇಲೆ ಜಗತ್ತಿನ ಲೆಕ್ಕ ಬದಲಾಯಿತು. ಇಂದು ಹೈದರಾಬಾದ್, ಬೆಂಗಳೂರಿನ ಕಂಪನಿಗಳೂ ಆ ಸಾಲಿನಲ್ಲಿವೆ. ಹೊಸ ಗುಳಿಗೆಗೆ 2017ರ ಒಪ್ಪಂದದಲ್ಲಿ ಒಬ್ಬರಿಗೆ ವರ್ಷಕ್ಕೆ ಸುಮಾರು 75 ಡಾಲರ್ ಗರಿಷ್ಠ ಬೆಲೆ ಗೊತ್ತುಪಡಿಸಿದ್ದರು. 2023ರಲ್ಲಿ ಏಡ್ಸ್, ಕ್ಷಯ, ಮಲೇರಿಯಾ ವಿರುದ್ಧದ ಅಂತರರಾಷ್ಟ್ರೀಯ ನಿಧಿಯಾದ ಗ್ಲೋಬಲ್ ಫಂಡ್‌ನ ಖರೀದಿ ಬೆಲೆ 45 ಡಾಲರಿಗಿಂತ ಕೆಳಗೆ ಬಂತು.

ಮಾತ್ರೆ ಅಗ್ಗವಾದಷ್ಟೂ ಮನೆಭೇಟಿ ದುಬಾರಿಯಾಗಿ ಕಾಣತೊಡಗುತ್ತದೆ. ಜಿಂಬಾಬ್ವೆ ಈ ವಿಷಯದಲ್ಲಿ ಎಷ್ಟೋ ದೇಶಗಳಿಗಿಂತ ಮುಂದೆ: ಆದಾಯ ತೆರಿಗೆಯ ಮೇಲೆ ನೂರಕ್ಕೆ 3ರ ಏಡ್ಸ್ ಸುಂಕವನ್ನು ಎರಡು ದಶಕಕ್ಕೂ ಮೀರಿ ವಸೂಲಿ ಮಾಡುತ್ತ ಬಂದಿದೆ. ಆದರೂ ಆಫ್ರಿಕಾದ ದಕ್ಷಿಣದ ದೇಶಗಳಲ್ಲಿ ಇಂಥ ಸಮುದಾಯದ ಕೆಲಸ ಹೆಚ್ಚಾಗಿ ನಡೆದದ್ದು ಅಮೆರಿಕದ ನೆರವಿನಿಂದ. 2025ರ ಜನವರಿಯಲ್ಲಿ ಆ ನೆರವು ಹಠಾತ್ತನೆ ತಡೆಹಿಡಿಯಲ್ಪಟ್ಟಿತು. ಆಮೇಲೆ ಜೀವ ಉಳಿಸುವ ಚಿಕಿತ್ಸೆಗೆ ವಿನಾಯಿತಿ ಬಂದಾಗ ಅದು ಮುಖ್ಯವಾಗಿ ಅನ್ವಯಿಸಿದ್ದು ಮಾತ್ರೆಗೆ. ಹಳ್ಳಿಗೆ ಹೋಗುವವರ ಕೆಲಸ ಹಲವು ಕಡೆ ನಿಂತುಹೋಯಿತು. ಕಪಾಟಿನಲ್ಲಿ ಡಬ್ಬಿ ಇದೆ, ಬಾಗಿಲಿಗೆ ಬರುವವರಿಲ್ಲ. ಪ್ರಕರಣ ಶುರುವಾದ ಜಾಗವೂ ಅದೇ ಆಗಿತ್ತು.

ಹಣ ಅರ್ಧಕ್ಕಿಳಿದ ಕಾರ್ಯಕ್ರಮ ಯಾವುದನ್ನು ಉಳಿಸಿಕೊಳ್ಳಬೇಕೆಂದು ಕೇಳಿದರೆ ನಮ್ಮ ಉತ್ತರ ಹೀಗಿದೆ. ವೈರಲ್ ಲೋಡ್ 1000 ದಾಟಿದವರ ವಾರದ ಭೇಟಿ ಉಳಿಯಲಿ. ತಿಂಗಳ ಮೇಲ್ವಿಚಾರಣೆಯ ಸಭೆ ಉಳಿಯಲಿ. ಸೈಕಲ್ ರಿಪೇರಿಯ ಹಣ ಉಳಿಯಲಿ, ಅದು ಸಣ್ಣ ಮೊತ್ತ, ಆದರೆ ಟ್ಯೂಬ್ ಒಡೆದ ಸೈಕಲ್ ಆರು ವಾರ ಗೋಡೆಗೆ ಒರಗಿ ನಿಂತರೆ ಅಷ್ಟೂ ದಿನ ದೂರದ ಮನೆಗಳು ಪಟ್ಟಿಯಿಂದ ಬಿದ್ದಂತೆಯೇ. ಹತೋಟಿಯಲ್ಲಿರುವವರ ಮನೆಭೇಟಿಯನ್ನು ಫೋನ್‌ಗೆ ಬದಲಾಯಿಸಬಹುದು. ದೊಡ್ಡ ಸಮಾವೇಶ, ಟೀಶರ್ಟ್, ಬ್ಯಾನರ್ ಮೊದಲು ಹೋಗಲಿ. ಕೆಲಸ ಪೂರ್ತಿ ನಿಲ್ಲಿಸಲೇಬೇಕಾದರೆ, ಹೊರಡುವ ಮುನ್ನ ಪ್ರತಿ ಕ್ಯಾಟ್ಸ್ ತನ್ನ ಪಟ್ಟಿಯನ್ನು ಕ್ಲಿನಿಕ್‌ನ ನರ್ಸ್‌ಗೆ ಕೈಬರಹದಲ್ಲಿ ಒಪ್ಪಿಸಿ ಹೋಗಬೇಕು. ಪ್ರತಿ ಹೆಸರಿನ ಮುಂದೆ ಮೂರು ಸಂಗತಿ ಇರಲಿ: ಮಾತ್ರೆ ಮುಗಿಯುವ ದಿನಾಂಕ, ಕೊನೆಯ ವೈರಲ್ ಲೋಡ್, ಆ ಮನೆಯಲ್ಲಿ ಗೊತ್ತಿರುವ ಒಬ್ಬರ ಹೆಸರು.